ನೂರ ನಲವತ್ತು ವರ್ಷ ಒಗೆಯದ ಶಾಲು

"ಕೇಳಿರಪ್ಪೋ ಕೇಳಿ! ಬೊಮ್ಮರಸ ದತ್ತಿ ತೆರವಾಗಿದೆ. ಬೇಕೆನ್ನುವವರು ಹುಣ್ಣಿಮೆಯ ದಿನ ಬೆಳಿಗ್ಗೆ ಮಹಾಪಾಠಶಾಲೆಗೆ ಬರತಕ್ಕದ್ದು. ರಾಣಿಯವರು ಮೂರು ಒಗಟು ಕೇಳುತ್ತಾರೆ. ಮೂರನ್ನೂ ಬಿಡಿಸಿದವನಿಗೆ ದತ್ತಿ, ಜೊತೆಗೆ ಕೇಳಿದ ಒಂದು ವರ. ಒಂದು ತಪ್ಪಿದರೂ ತಲೆದಂಡ!"

ಸಿರಿಯೂರಿನ ಬೀದಿಬೀದಿಯಲ್ಲಿ ಹೀಗೆ ಡಂಗುರ ಹೊಡೆದರು. ದತ್ತಿ ಎಂದರೆ ಏನು ಎಂಬುದನ್ನು ಮೊದಲು ಹೇಳಬೇಕು. ರಾಣಿ ವೀರಾಂಬಿಕೆಯ ಪೂರ್ವಿಕ ಬೊಮ್ಮರಸ, ಬಡವರ ಮಕ್ಕಳೂ ಓದಲಿ ಎಂದು ಇದನ್ನು ಇಟ್ಟಿದ್ದ. ಒಬ್ಬ ವಿದ್ಯಾರ್ಥಿಗೆ ಏಳು ವರ್ಷ ಊಟ, ಕೋಣೆ, ಗುರು ಎಲ್ಲವೂ ಅರಮನೆಯಿಂದ. ಗುರುತಿಗೆ ಒಂದು ಶಾಲು. ಏಳು ವರ್ಷ ಮುಗಿದರೆ ಅದೇ ಶಾಲು ಮುಂದಿನವನಿಗೆ. ಹೀಗೆ ಇಪ್ಪತ್ತು ಜನ ಅದನ್ನು ಹೊದ್ದಿದ್ದರು.

ತಲೆದಂಡದ ನಿಯಮ ಬೊಮ್ಮರಸನದಲ್ಲ. ದತ್ತಿ ಪಡೆದವರೇ ಆಮೇಲೆ ಸೇರಿಸಿದ್ದು, ಬಡವರು ಹೆದರಿ ಇತ್ತ ಸುಳಿಯದಿರಲಿ ಎಂದು. ತಮ್ಮವರಿಗೆ ಮಾತ್ರ ಉತ್ತರಗಳನ್ನು ಮೊದಲೇ ಕಿವಿಯಲ್ಲಿ ಊದುತ್ತಿದ್ದರು. ಈ ಸಲ ರಾಣಿ ಯಾರಿಗೂ ತಿಳಿಸದೆ ತಾನೇ ಹೊಸ ಒಗಟು ಕಟ್ಟಿದ್ದಳು. ಅದು ಅವರಿಗೆ ಗೊತ್ತಿರಲಿಲ್ಲ.

ಇನ್ನೊಂದು ನಿಯಮವಿತ್ತು. ಶಾಲನ್ನು ಒಗೆಯಬಾರದು. ಒಗೆದರೆ ಅದರೊಳಗಿನ ವಿದ್ಯೆ ತೊಳೆದುಹೋಗುತ್ತದಂತೆ! ನೂರ ನಲವತ್ತು ವರ್ಷ ನೀರು ಕಾಣದ ಬಟ್ಟೆ. ಬಿಳಿಯದು ಕಂದು ಬಣ್ಣಕ್ಕೆ ತಿರುಗಿ, ಜಿಡ್ಡು ಹಿಡಿದು, ತೊಗಲಿನಂತೆ ಸೆಟೆದು ನಿಂತಿತ್ತು. ಹುಣ್ಣಿಮೆಯ ಬೆಳಿಗ್ಗೆ ಬೆಳ್ಳಿತಟ್ಟೆಯಲ್ಲಿ ಅದನ್ನು ಸಭೆಗೆ ತಂದಿಟ್ಟಾಗ ಮುಂದಿನ ಸಾಲಿನವರು ಮೂಗು ಮುಚ್ಚಿಕೊಂಡರು. ಇಪ್ಪತ್ತನೆಯ ದತ್ತಿಗಾರ ಅಪ್ರಮೇಯ ಪಂಡಿತರು ಮಾತ್ರ ಅದನ್ನು ಕಣ್ಣಿಗೊತ್ತಿಕೊಂಡರು. ಅವರ ಹಿಂದೆ ಇನ್ನೂ ಮೂವರು ಹಳೆಯ ದತ್ತಿಗಾರರು ಕತ್ತು ಕೆರೆದುಕೊಳ್ಳುತ್ತ ಕುಳಿತಿದ್ದರು.

ಬಂದವರು ಮೂವರು. ದಳವಾಯಿಯ ಮಗ ರಣಧೀರ, ಪಂಡಿತರ ತಂಗಿಯ ಮಗ ಶ್ರೀನಿಧಿ, ಮತ್ತು ಅಗಸರ ಮಾಚ. ಮಾಚನಿಗೆ ಅಕ್ಷರ ಕಲಿಯುವ ಆಸೆ. ಎರಡು ಸಲ ಪಾಠಶಾಲೆಯ ಬಾಗಿಲಿಂದ ಅಟ್ಟಿಸಿಕೊಂಡಿದ್ದ. ಒಳಗೆ ಹೋಗಲು ದತ್ತಿಯೊಂದೇ ದಾರಿ. "ತಲೆ ಹೋದ್ರೆ ಓದೋದು ಯಾವುದರಲ್ಲೋ?" ಎಂದು ಅವನ ತಾಯಿ ನಿಂಗವ್ವ ಬಾಗಿಲಿಗೆ ಅಡ್ಡ ನಿಂತಿದ್ದಳು. ಅವಳ ಪಕ್ಕದಿಂದ ನುಸುಳಿ ಬಂದಿದ್ದ.

"ಏಯ್, ದೂರ ನಿಲ್ಲು. ಮೈಲಿಗೆ!" ಎಂದರು ಪಂಡಿತರು.

ರಾಣಿ ಮೊದಲ ಒಗಟು ಹೇಳಿದಳು. "ಈ ಶಾಲಿಗೆ ಒಂದು ಎಳೆಯೂ ಸೇರಿಲ್ಲ. ಆದರೂ ಒಬ್ಬೊಬ್ಬರು ಹೊದ್ದ ಹಾಗೆಲ್ಲ ಇದರ ತೂಕ ಏರಿದೆ. ಸೇರಿದ್ದೇನು?"

"ಕೀರ್ತಿ!" ಎಂದ ರಣಧೀರ.

"ಕೀರ್ತಿ ತಕ್ಕಡಿಗೆ ಸಿಗುವುದಿಲ್ಲ. ತಪ್ಪು."

ಶ್ರೀನಿಧಿ ಮಾವನ ಮುಖ ನೋಡಿದ. ಮಾವ ತಲೆ ತಗ್ಗಿಸಿದರು. "ಹಿರಿಯರ... ಆಶೀರ್ವಾದ," ಎಂದ ಶ್ರೀನಿಧಿ.

"ತಪ್ಪು."

ಭಟರು ಇಬ್ಬರನ್ನೂ ಹಿಡಿದುಕೊಂಡರು. ಶ್ರೀನಿಧಿ ಅಳತೊಡಗಿದ. ಆದರೂ ಮಾಚ ಹೇಳಿದ, "ಕೊಳೆ, ತಾಯಿ."

"ಸರಿ. ಎರಡನೆಯದು. ಇದನ್ನು ಹೊದ್ದವರು ಒಬ್ಬರಿಗೊಬ್ಬರು ಒಂದನ್ನು ಕೊಡುತ್ತ ಬಂದರು. ಕೊಟ್ಟವನಿಗೆ ಕಡಿಮೆಯಾಗಲಿಲ್ಲ. ಪಡೆದವನಿಗೆ ಬೇಕಿರಲಿಲ್ಲ. ಏನದು?"

"ವಿದ್ಯೆ ಅನ್ನೋ," ಎಂದು ಹಿಂದಿನಿಂದ ಯಾರೋ ಪಿಸುಗುಟ್ಟಿದರು. ಕೊಟ್ಟರೂ ಕಡಿಮೆಯಾಗದ್ದು ವಿದ್ಯೆ ಎಂದು ಎಲ್ಲರಿಗೂ ಗೊತ್ತು. ಮಾಚನೂ ಬಾಯಿ ತೆರೆದ. ಆದರೆ ಪಡೆದವನಿಗೆ ಬೇಡದ್ದು ವಿದ್ಯೆಯಾದರೆ ತಾನೇಕೆ ಅದಕ್ಕೆ ತಲೆ ಒಡ್ಡಿ ನಿಂತಿದ್ದೇನೆ ಎನಿಸಿ ತಡೆದುಕೊಂಡ. ಹಳೆಯ ದತ್ತಿಗಾರರ ಕಡೆ ನೋಡಿದ. ನಾಲ್ವರೂ ಕೆರೆದುಕೊಳ್ಳುತ್ತಿದ್ದರು. ಒಬ್ಬರಂತೂ ಉಗುರಿನಲ್ಲಿ ಬಂದ ಹಕ್ಕಳೆಯನ್ನು ಕಂಬಕ್ಕೆ ಒರೆಸುತ್ತಿದ್ದರು.

"ಕಜ್ಜಿ, ತಾಯಿ."

ಸಭೆ ಗೊಳ್ಳೆಂದಿತು. ರಾಣಿ ನಗಲಿಲ್ಲ. "ಸರಿ. ಮೂರನೆಯದು. ಇದರ ಮೇಲೆ ಎಲ್ಲ ಕಲೆಯೂ ಇದೆ. ಓದುವವನ ಮೇಲೆ ಬೀಳಲೇಬೇಕಾದ ಒಂದು ಮಾತ್ರ ಇಲ್ಲ. ಯಾವುದು?"

"ಬೆವರು!" ಎಂದು ಜನ ಕೂಗಿದರು.

ಮಾಚ ಅವಸರ ಮಾಡಲಿಲ್ಲ. "ಮುಟ್ಟಿ ನೋಡಬಹುದಾ?" ಎಂದು ಕೇಳಿದ. ರಾಣಿ ತಲೆಯಾಡಿಸಿದಳು. ಅವನು ಶಾಲಿನ ಅಂಚು ಹಿಡಿದು, ಮೂಸಿ, ಓಕರಿಕೆ ತಡೆದುಕೊಂಡು ಒಂದೊಂದಾಗಿ ಹೇಳತೊಡಗಿದ. ಅಗಸರಿಗೆ ಕಲೆ ನೋಡಿದರೆ ಮನೆಯವರ ಬದುಕೇ ತಿಳಿಯುತ್ತದೆ.

"ಇದು ತುಪ್ಪ. ಕೈ ತೊಳೀದೆ ಒರೆಸಿದ್ದು. ಇದು ಎಲೆಯಡಿಕೆ ಉಗುಳು. ಇದು ನಸ್ಯದ ಸಿಂಬಳ. ಇದು ಬೆವರು, ಹೊಟ್ಟೆ ತುಂಬ ಉಂಡು ಮಲಗಿದ ಬೆವರು, ಕುತ್ತಿಗೆ ಹತ್ತಿರ ಇಲ್ಲ, ಬೆನ್ನಿಗೇ ಇದೆ." ಅವನು ಶಾಲನ್ನು ಮಗುಚಿ ಹಾಕಿದ. ಮೂಲೆಯಿಂದ ಮೂಲೆಗೆ ಹುಡುಕಿದ. ಕೊನೆಗೆ ನಿಧಾನವಾಗಿ ಹೇಳಿದ, "ಪಾಠಶಾಲೆ ಹುಡುಗರ ಬಟ್ಟೇಲಿ ನಮಗೆ ಸಾಕುಸಾಕು ಮಾಡೋದು ಮಸಿ, ತಾಯಿ. ಎಷ್ಟು ಉಜ್ಜಿದರೂ ಬಿಡಲ್ಲ. ಇದರಲ್ಲಿ ಒಂದು ಹನಿಯೂ ಇಲ್ಲ."

ಸಭೆಯ ಕಣ್ಣೆಲ್ಲ ಹಳೆಯ ದತ್ತಿಗಾರರ ಕಡೆ ತಿರುಗಿತು.

"ಇಪ್ಪತ್ತು ಜನ," ಎಂದಳು ರಾಣಿ, ಹೇಸಿಗೆಯಿಂದ. "ನೂರ ನಲವತ್ತು ವರ್ಷ ಉಂಡರು. ಒಬ್ಬನೂ ಒಂದು ಸಾಲು ಬರೆಯಲಿಲ್ಲ. ಗೆದ್ದೆಯಪ್ಪಾ. ಏನು ವರ ಬೇಕು?"

"ಅವರಿಬ್ಬರ ತಲೆ ಬಿಟ್ಟುಬಿಡಿ. ಈ ನಿಯಮಾನೂ ಅಳಿಸಿಬಿಡಿ."

"ಆಗಲಿ. ಈಗ ಶಾಲು ನಿನ್ನದು."

ಪಂಡಿತರು ಹಲ್ಲು ಕಚ್ಚಿಕೊಂಡು ಹೊದಿಸಲು ಬಂದರು. ಮಾಚ ಹಿಂದೆ ಸರಿದ. "ಒಗೀದೆ ಹೊದೆಯಲ್ಲ ಬುದ್ಧಿ."

"ಒಗೆದರೆ ವಿದ್ಯೆ ಹೋಗುತ್ತದೋ ಮೂರ್ಖ!"

"ಅವನ ಶಾಲು, ಅವನಿಷ್ಟ," ಎಂದಳು ರಾಣಿ.

ಎಲ್ಲರೂ ಹೊಳೆಗೆ ಬಂದರು. ಮಾಚ ಶಾಲನ್ನು ಕೊಳೆ ಬಿಡಿಸುವ ಸವಳುಮಣ್ಣಿನ ನೀರಿನಲ್ಲಿ ನೆನೆಹಾಕಿದ. ನೀರು ಕಪ್ಪಾಗಿ, ನೊರೆಯಾಗಿ, ಸತ್ತ ಇಲಿಯಂತೆ ನಾತ ಹೊಡೆಯಿತು. ಮಗನ ಹಿಂದೆಯೇ ಸಭೆಗೆ ಬಂದಿದ್ದ ನಿಂಗವ್ವ ಸೆರಗಿನಿಂದ ಮೂಗು ಮುಚ್ಚಿ, "ಥೂ, ಇದನ್ನೇನೋ ಕಣ್ಣಿಗೊತ್ಕೋತಿದ್ದದ್ದು!" ಎಂದಳು. ಮಾಚ ಎತ್ತಿ ಒಂದೇ ಒಂದು ಸಲ ಕಲ್ಲಿಗೆ ಬಡಿದ. ಶಾಲು ನುಚ್ಚುನೂರಾಗಿ ನೀರಿನಲ್ಲಿ ಹರಿದುಹೋಯಿತು. ಅವನ ಕೈಯಲ್ಲಿ ಒಂದು ದಾರವೂ ಉಳಿಯಲಿಲ್ಲ.

"ಹೋಯಿತು! ವಿದ್ಯೆ ಹೋಯಿತು!" ಎಂದು ಪಂಡಿತರು ಎದೆ ಬಡಿದುಕೊಂಡರು.

"ಬಟ್ಟೆ ಹೋಗಿ ಎಷ್ಟೋ ವರ್ಷ ಆಗಿದೆ ಬುದ್ಧಿ," ಎಂದ ಮಾಚ. "ಇಷ್ಟು ದಿನ ನೀವು ಹೊದ್ದಿದ್ದು ಬರೀ ಕೊಳೆ."

ಅವನು ಮೊಣಕೈವರೆಗೆ ಮೂರು ಸಲ ಸೀಗೆಪುಡಿ ಹಾಕಿ ತಿಕ್ಕಿ ತೊಳೆದುಕೊಂಡ. ಆಮೇಲೆ ಬರಿಮೈಯಲ್ಲೇ ಪಾಠಶಾಲೆಯ ಮೆಟ್ಟಿಲು ಹತ್ತಿ ಒಳಗೆ ಹೋದ.