ಅಂಗೈಯಗಲದ ಖಾಲಿ ಜಾಗ

"ಕೇಳಿರಪ್ಪ ಕೇಳಿ, ಏಳು ಆಕಾಶಗಳ ಒಡೆಯರಾದ ಗಗನಮಲ್ಲ ದೊರೆಗಳ ಅಪ್ಪಣೆ. ಎಂಟನೆಯ ಆಕಾಶ ಕಟ್ಟಿ ಮುಗಿದಿದೆ, ಬೋಳಾಗಿ ಕೂತಿದೆ. ಅದಕ್ಕೆ ಬಣ್ಣ ಹಚ್ಚುವ ಮೇಳಕ್ಕೆ ಯಜಮಾನರು ಬೇಕು. ದೊರೆಗಳ ಮೂರು ಒಗಟು ಬಿಡಿಸಿದವರಿಗೆ ಆ ಪಟ್ಟ. ಒಂದು ತಪ್ಪಿದರೂ ಸಂಜೆಗೆ ಆಕಾಶದ ಅಂಚಿನಿಂದ ಕೆಳಗೆ ತಳ್ಳಲಾಗುವುದು."

ಡಂಗುರದವನು ಕೊನೆಯ ಮಾತನ್ನು ಬೇಕೆಂದೇ ಎರಡು ಸಲ ಹೇಳಿದ. ಅಲ್ಲಿಂದ ಬಿದ್ದವರು ಗೀರಿದ ಬೆಂಕಿಕಡ್ಡಿಯ ಹಾಗೆ ಒಂದು ಚಣ ಹೊತ್ತಿ ಬೂದಿಯಾಗುತ್ತಾರೆ. ಕೆಳಗೆ ನಿಂತು ನೋಡುವ ನಮಗೇನು, ಚೆಂದ ಕಾಣುತ್ತದೆ.

ಬಾನಗಾರರ ಮೇಳವೆಂದರೆ ಸಾಮಾನ್ಯದ್ದಲ್ಲ. ನಸುಕಿನ ಕೆಂಪು ಬಳಿಯುವವರು, ಮೋಡ ತೇಲಿಸುವವರು, ನಕ್ಷತ್ರ ಕೂರಿಸುವವರು, ಎಲ್ಲ ಸೇರಿ ಮೂರು ಸಾವಿರ ಮಂದಿ. ಒಬ್ಬೊಬ್ಬರ ಜಂಬವೂ ಒಂದೊಂದು ಆಕಾಶದಷ್ಟು. ಆ ಮೇಳದಲ್ಲಿ ಕೆಂಚವ್ವ ಎಂಬ ಇಪ್ಪತ್ತರ ಹುಡುಗಿಯ ಕೆಲಸ ಒರೆಸುವುದು. ದಿನವೂ ಒದ್ದೆ ಬಟ್ಟೆ ಹಿಡಿದು ಹಿಂದಿನ ದಿನದ ಚಿತ್ರವನ್ನೆಲ್ಲ ಅಳಿಸಬೇಕು, ಅವರು ಹೊಸದಾಗಿ ಶುರು ಮಾಡಬೇಕು. ಅವಳಿಗೆ ಇದ್ದವನು ಒಬ್ಬನೇ ಅಣ್ಣ, ನಕ್ಷತ್ರ ಕೂರಿಸುವ ಬೊಮ್ಮಯ್ಯ. ಅಪ್ಪ ಅವ್ವ ಹೋದ ಮೇಲೆ ಅವಳನ್ನು ಸಾಕಿ ಬೆಳೆಸಿದವನೂ ಅವನೇ.

"ನಾನೂ ಬರಲೇನಣ್ಣ, ಒಗಟು ಕೇಳೋದಕ್ಕೆ?"

"ಒರೆಸುವವಳಿಗೆ ಒಗಟು ಯಾಕೆ ಬೇಕೇ, ಕೆಂಚಿ? ನೀನು ಬಟ್ಟೆ ಹಿಂಡು, ನಾನು ಪಟ್ಟ ತರ್ತೀನಿ" ಎಂದು ನಗುತ್ತ ಬೊಮ್ಮಯ್ಯ ಹೊರಟ. ಕೆಂಚವ್ವ ಬಟ್ಟೆ ಹೆಗಲಿಗೆ ಹಾಕಿಕೊಂಡು ಹಿಂದೆಯೇ ಹೋದಳು.

ಮೊದಲು ನಿಂತವನು ನಸುಕಿನ ಪಿಂಗಳಯ್ಯ. ದೊರೆ ಕೇಳಿದ: "ಒಂದು ಬಣ್ಣವಿದೆ. ಯಾರೂ ಅರೆಯುವುದಿಲ್ಲ, ಯಾರೂ ಬಳಿಯುವುದಿಲ್ಲ. ಅಡಿಯಲ್ಲಿ ಅದು ಇರದಿದ್ದರೆ ಬೆಳಕೂ ಕಾಣುವುದಿಲ್ಲ. ಯಾವುದದು?"

"ನಸುಕಿನ ಕೆಂಪು, ದೊರೆಗಳೇ. ನನ್ನ ಕೈ ಸೋಕಿದರೆ ಸಾಕು, ತಾನಾಗಿ ಅರಳುತ್ತದೆ" ಎಂದ ಪಿಂಗಳಯ್ಯ. ದೊರೆ ಅಲ್ಲವೆಂದು ತಲೆಯಾಡಿಸಿದ. ಭಟರು ಅವನನ್ನು ಕರೆದೊಯ್ದು ಅಂಚಿನಲ್ಲಿ ಕೂರಿಸಿದರು.

ಬೊಮ್ಮಯ್ಯ ಮುಂದೆ ಬಂದು "ಕತ್ತಲು" ಎಂದ. ಸರಿಯಾಯಿತು. ದೊರೆ ಎರಡನೆಯದು ಕೇಳಿದ: "ನನ್ನ ಏಳು ಆಕಾಶಗಳಲ್ಲೂ ಒಂದೊಂದು ಜಾಗವಿದೆ. ಅಲ್ಲಿ ಯಾವ ಕಲಾವಿದನೂ ಕೆಲಸ ಮಾಡಿಲ್ಲ. ಆದರೆ ಎಲ್ಲರ ಕೆಲಸವೂ ಅಲ್ಲಿಂದಲೇ ಶುರು."

"ಧ್ರುವ ನಕ್ಷತ್ರದ ಜಾಗ. ನಾನು ಕೂರಿಸುವ ನಕ್ಷತ್ರ" ಎಂದ ಬೊಮ್ಮಯ್ಯ ಎದೆಯುಬ್ಬಿಸಿ. "ನೀನೇ ಕೂರಿಸುತ್ತೀಯಂತೆ, ಮತ್ತೆ ಅಲ್ಲಿ ಕೆಲಸವಾಗಿಲ್ಲವೆಂದರೆ ಹೇಗಪ್ಪ?" ಎಂದ ದೊರೆ. ಬೊಮ್ಮಯ್ಯನ ಮುಖ ಬಿಳಿಚಿಕೊಂಡಿತು. ಅವನನ್ನೂ ಅಂಚಿಗೆ ಒಯ್ದರು.

ಕೆಂಚವ್ವ ಜನರ ನಡುವಿನಿಂದ ಮುಂದೆ ಬಂದಳು. ಎರಡನೆಯ ಒಗಟು ಕೇಳುತ್ತಲೇ ಅವಳಿಗೆ ಉತ್ತರ ಹೊಳೆದಿತ್ತು.

"ದೊರೆಗಳೇ, ನಾನು ಹೇಳ್ತೀನಿ. ತಪ್ಪಿದರೆ ನಾನೂ ಬೀಳ್ತೀನಿ. ಗೆದ್ದರೆ ಅಂಚಿನಲ್ಲಿ ಕೂತ ಇಬ್ಬರನ್ನೂ ಬಿಡಬೇಕು."

ಸಭೆ ಕಿಸಕ್ಕನೆ ನಕ್ಕಿತು. ದೊರೆ ನಗಲಿಲ್ಲ. "ಆಗಲಿ ಮಗಳೇ. ಹೇಳು, ಕಾರಣವನ್ನೂ ಹೇಳು."

"ಮೊದಲನೆಯದು ನಮ್ಮಣ್ಣ ಹೇಳಿದ್ದೇ, ಕತ್ತಲು. ಎಷ್ಟು ಒರೆಸಿದರೂ ಕೊನೆಗೆ ಅದೊಂದು ಉಳಿಯುತ್ತೆ. ಅದರ ಮೇಲೇ ಇವರೆಲ್ಲ ಬೆಳಕು ಬಳಿಯೋದು. ಎರಡನೆಯದು ಅಂಗೈಯಗಲದ ಖಾಲಿ ಜಾಗ. ಮೊದಲು ಕೆಲಸಕ್ಕೆ ನಿಲ್ಲುವವರು ಎಡಗೈ ಊರಿ ಬಲಗೈಲಿ ಕುಂಚ ಹಿಡಿಯಲಿ ಅಂತ ಹಿರಿಯರು ಪ್ರತಿ ಆಕಾಶದ ಮೂಲೆಯಲ್ಲಿ ಅಷ್ಟು ಜಾಗ ಬಿಟ್ಟಿದ್ದಾರೆ. ದಿನಾ ಕೈ ಊರ್ತಾರೆ, ಯಾರೂ ನೋಡಲ್ಲ. ಅಲ್ಲಿ ಮಾತ್ರ ನನ್ನ ಬಟ್ಟೆಗೆ ಬಣ್ಣ ಹತ್ತೋದಿಲ್ಲ."

ಸಭೆಯ ನಗು ನಿಂತಿತು. ಎಷ್ಟೋ ಜನ ತಮ್ಮ ಎಡಗೈಯನ್ನೇ ತಿರುವಿ ನೋಡಿಕೊಂಡರು.

"ಮೂರನೆಯದು" ಎಂದ ದೊರೆ. "ಒಂದು ಕೆಲಸವಿದೆ. ಚೆನ್ನಾಗಿ ಮಾಡಿದರೆ ಯಾರ ಕಣ್ಣಿಗೂ ಬೀಳದು. ಕೆಡಿಸಿದರೆ ಎಲ್ಲರಿಗೂ ಕಾಣುತ್ತದೆ."

ಉತ್ತರ ಕೆಂಚವ್ವನ ನಾಲಿಗೆಯ ತುದಿಯಲ್ಲೇ ಇತ್ತು. ಆದರೆ ತಡೆದಳು. ಪಿಂಗಳಯ್ಯ ತನ್ನ ಕೆಲಸ ಹೇಳಿ ಕೆಟ್ಟ, ಅಣ್ಣ ತನ್ನ ಕೆಲಸ ಹೇಳಿ ಕೆಟ್ಟ. ನಾನೂ ಅದೇ ಗುಂಡಿಗೆ ಬೀಳುತ್ತಿದ್ದೇನೆಯೇ? ಅಂಚಿನ ಕಡೆ ನೋಡಿದಳು. ಬೊಮ್ಮಯ್ಯ ಕಣ್ಣು ಮುಚ್ಚಿ ಕೂತಿದ್ದ. ಆಗ ಅವಳಿಗೆ ಹೋದ ವರ್ಷದ ಜ್ವರ ನೆನಪಾಯಿತು.

"ಒರೆಸೋದು, ದೊರೆಗಳೇ" ಎಂದಳು, ಗಟ್ಟಿಯಾಗಿ. "ನನ್ನ ಕೆಲಸ ಅಂತ ಹೇಳ್ತಿಲ್ಲ, ನಿಜ ಅಂತ ಹೇಳ್ತಿದೀನಿ. ಹೋದ ವರ್ಷ ಜ್ವರ ಬಂದು ಒಂದು ದಿನ ಮಲಗಿದೆ. ಹಳೇ ಚಂದ್ರನನ್ನು ಒರೆಸಲಿಲ್ಲ. ಅಂದು ಎರಡು ಚಂದ್ರ ಕಂಡು ಲೋಕವೆಲ್ಲ ಗಾಬರಿಯಾಯ್ತು. ಅದಕ್ಕೆ ಮುಂಚೆ ನಾನೊಬ್ಬಳು ಇದೀನಿ ಅಂತ ಮೇಳಕ್ಕೇ ಗೊತ್ತಿರಲಿಲ್ಲ."

ದೊರೆ ಸಿಂಹಾಸನದಿಂದ ಇಳಿದು ಬಂದ. "ಎಂಟನೆಯ ಆಕಾಶ ನಿನ್ನದು, ಯಜಮಾನಿ."

ಇಬ್ಬರನ್ನೂ ಬಿಟ್ಟರು. ಪಿಂಗಳಯ್ಯ ಹಿಂದೆ ತಿರುಗದೆ ಓಡಿದ. ಬೊಮ್ಮಯ್ಯ ತಂಗಿಯ ಎದುರು ಬಂದು ನಿಂತ.

ಮರುದಿನ ಮೂರು ಸಾವಿರ ಮಂದಿ ಕುಂಚ ಹಿಡಿದು ಹೊಸ ಆಕಾಶದ ಕೆಳಗೆ ಸೇರಿದರು. ಯಜಮಾನಿ ಮೊದಲ ಗೆರೆ ಎಳೆಯಲೆಂದು ಎಲ್ಲರೂ ಕಾದರು. ಕೆಂಚವ್ವ ಮೂಲೆಗೆ ಹೋಗಿ ಎಡಗೈ ಊರಿದಳು. ಕೈ ಊರಿದಷ್ಟು ಜಾಗ ಬಿಟ್ಟು ಮಿಕ್ಕ ಕಡೆಯೆಲ್ಲ ಕಟ್ಟಡದ ಧೂಳು ಕೂತಿತ್ತು. ಅವಳು ಹೆಗಲಿನ ಬಟ್ಟೆಯನ್ನು ನೀರಿಗದ್ದಿ ಹಿಂಡುವ ಮೊದಲೇ ಬೊಮ್ಮಯ್ಯ ಕುಂಚ ಕೆಳಗಿಟ್ಟು ಬಂದು ಅದರ ಇನ್ನೊಂದು ತುದಿ ಹಿಡಿದುಕೊಂಡ.

"ಎಲ್ಲಿಂದ ಶುರು ಮಾಡಲಿ, ಕೆಂಚವ್ವ?" ಎಂದ. ಅವನು ಅವಳನ್ನು ಪೂರ್ತಿ ಹೆಸರು ಹಿಡಿದು ಕರೆದದ್ದು ಅದೇ ಮೊದಲು.

ಅವರು ಅಲ್ಲಿ ಒರೆಸಿ ಬಳಿಯುತ್ತಿದ್ದಾರೆ, ನಾವು ಇಲ್ಲಿ ತಲೆಯೆತ್ತಿ ನೋಡುತ್ತಿದ್ದೇವೆ.