ಕ್ಯಾಮೆರಾದ ಪಕ್ಕದಲ್ಲಿ ನಿಂತವನು

ಸಿರಿಲ್ ಹ್ಯಾಡನ್ ಎಂಬ ಇಂಗ್ಲಿಷ್ ನಟ ಮೂವತ್ತು ವರ್ಷ ಫ್ರೆಂಚ್ ಸಿನಿಮಾಗಳಲ್ಲಿ ದುಡಿದ. ಒಮ್ಮೆಯೂ ನಾಯಕನಾಗಲಿಲ್ಲ. ಕಥೆಗೆ ಇಂಗ್ಲೆಂಡಿನವನೊಬ್ಬ ಬೇಕಾದರೆ ಅವನಿಗೇ ಕರೆ. ಬರುತ್ತಿದ್ದ, ನಾಲ್ಕು ಮಾತಾಡುತ್ತಿದ್ದ, ಹೋಗುತ್ತಿದ್ದ. ಪೋಸ್ಟರಿನಲ್ಲಿ ಅವನ ಹೆಸರು ಹುಡುಕಲು ಕನ್ನಡಕವೇ ಬೇಕಿತ್ತು!

ಒಂದು ಸಿನಿಮಾದಲ್ಲಿ ಅವನು ಮಗಳನ್ನು ಬಿಟ್ಟು ದೂರ ಹೊರಟ ತಂದೆ. ಮಗಳ ಪಾತ್ರ ಸೊಲಾಂಜ್ ಎಂಬ ಹುಡುಗಿಯದು. ಅದು ಅವಳ ಮೊದಲ ಸಿನಿಮಾ.

ಎದುರುಬದುರು ಮಾತಾಡುವ ದೃಶ್ಯವನ್ನು ಎರಡು ಸಲ ತೆಗೆಯುತ್ತಾರೆ, ಮಕ್ಕಳೇ. ಮೊದಲು ಒಬ್ಬರ ಮುಖ, ಆಮೇಲೆ ಇನ್ನೊಬ್ಬರದು. ಒಬ್ಬರ ಮುಖ ತೆಗೆಯುವಾಗ ಇನ್ನೊಬ್ಬರು ಕ್ಯಾಮೆರಾದ ಪಕ್ಕ ನಿಂತು ತಮ್ಮ ಮಾತು ಹೇಳಬೇಕು. ಬೆಳಿಗ್ಗೆ ಸಿರಿಲ್‌ನ ಸರದಿ.

"ನನ್ನ ಮುಖ ಕಾಣೋದೇ ಇಲ್ವಲ್ಲ, ನಾನ್ಯಾಕೆ ನಿಲ್ಲಲಿ?" ಎಂದು ಸೊಲಾಂಜ್ ಕಾಫಿ ಕುಡಿಯಲು ಹೊರಟುಹೋದಳು. ಅವಳ ಮಾತುಗಳನ್ನು ಸಹಾಯಕನೊಬ್ಬ ದಿನಸಿ ಚೀಟಿ ಓದಿದ ಹಾಗೆ ಓದಿದ. ಸಿರಿಲ್ ಅವನನ್ನೇ ಮಗಳೆಂದುಕೊಂಡು ಒಂದೇ ಸಲಕ್ಕೆ ಮುಗಿಸಿದ.

ಮಧ್ಯಾಹ್ನ ಸೊಲಾಂಜ್‌ಳ ಸರದಿ. ಅಳಬೇಕು. ಸಿರಿಲ್‌ನನ್ನು ಕೆಲಸ ಮುಗಿಯಿತೆಂದು ಕಳಿಸಿದ್ದರು; ಎದುರಿಗೆ ಅವನ ಮಾತು ಓದಲು ಅದೇ ಸಹಾಯಕ, ಅದೇ ಚೀಟಿ ಓದುವ ಧಾಟಿ. ಏಳು ಸಲ ತೆಗೆದರೂ ಕಣ್ಣಲ್ಲಿ ಹನಿ ನೀರಿಲ್ಲ.

"ಇನ್ನೊಂದೇ ಸಲ. ಆಗದಿದ್ದರೆ ನಾಳೆ ಬೇರೆ ಹುಡುಗಿ ಬರ್ತಾಳೆ," ಎಂದ ನಿರ್ದೇಶಕ.

ಮನೆಗೆ ಹೊರಟಿದ್ದ ಸಿರಿಲ್‌ಗೆ ಗೇಟಿನ ಬಳಿ ಸುದ್ದಿ ಸಿಕ್ಕಿತು. ಅವನು ತಿರುಗಿ ಬಂದ. ಕಳಚಿಟ್ಟ ಉದ್ದ ಕೋಟನ್ನು ಮತ್ತೆ ತೊಟ್ಟ, ಟೋಪಿ ಇಟ್ಟ, ಪ್ರಯಾಣದ ಪೆಟ್ಟಿಗೆ ಹಿಡಿದು ಕ್ಯಾಮೆರಾದ ಪಕ್ಕದಲ್ಲಿ ನಿಂತ. ಪೆಟ್ಟಿಗೆ ಖಾಲಿಯಿರಲಿಲ್ಲ. ಅದರ ಭಾರಕ್ಕೆ ಅವನ ಭುಜ ವಾಲಿತ್ತು.

"ಹೊತ್ತಿಗೆ ಸರಿಯಾಗಿ ಊಟ ಮಾಡು. ಚಳಿಗೆ ಹೊದ್ದುಕೋ," ಎಂದ. ಹೊರಡುವವನಂತೆ ಒಂದು ಹೆಜ್ಜೆ ಹಿಂದಿಟ್ಟ.

ಸೊಲಾಂಜ್ ಕ್ಯಾಮೆರಾವನ್ನೇ ಮರೆತಳು. ನಿಜವಾಗಿಯೂ ಅಪ್ಪ ಹೊರಟೇಬಿಟ್ಟನೆಂಬಂತೆ ಬಿಕ್ಕಿ ಬಿಕ್ಕಿ ಅತ್ತಳು. ದೀಪ ಹಿಡಿದವರೂ ಕಣ್ಣೊರೆಸಿಕೊಂಡರು.

ಆಮೇಲೆ ಅವಳು ತಲೆ ತಗ್ಗಿಸಿ ಕೇಳಿದಳು: "ಬೆಳಿಗ್ಗೆ ನಾನು ನಿಮಗಾಗಿ ನಿಲ್ಲಲಿಲ್ಲ. ನೀವು ಬಂದ್ರಿ. ಅದೂ ಸರಿ, ಆದರೆ ಕ್ಯಾಮೆರಾಕ್ಕೆ ಕಾಣದ ಮೇಲೆ ಈ ಕೋಟು, ಈ ಭಾರದ ಪೆಟ್ಟಿಗೆ ಯಾಕೆ?"

ಸಿರಿಲ್ ನಕ್ಕ. "ಕ್ಯಾಮೆರಾಕ್ಕೆ ಕಾಣಲ್ಲ, ನಿಜ. ನಿನಗೆ ಕಾಣ್ತೀನಲ್ಲ, ಮಗಳೇ."

ಅವಳು ಆ ಪೆಟ್ಟಿಗೆಯನ್ನೇ ನೋಡಿದಳು. ಮೂವತ್ತು ವರ್ಷ! ದೇಶವೇ ಮೆಚ್ಚಿದ ಎಷ್ಟು ನಟರ ಕಣ್ಣೀರಿನ ಎದುರು ಈ ಮನುಷ್ಯ ಹೀಗೆ ನಿಂತಿದ್ದನೋ! ಅಂಥವನ ಎದುರು ತಾನು ಎಷ್ಟು ಚಿಕ್ಕವಳು ಎಂದು ಅವಳಿಗೆ ಅನಿಸಿತು.

ಮುಂದೆ ಸೊಲಾಂಜ್ ದೊಡ್ಡ ತಾರೆಯಾದಳು. ಎದುರಿಗಿರುವವರದು ಒಂದೇ ಮಾತಿನ ಪಾತ್ರವಾದರೂ ಸರಿ, ಅವರ ಸರದಿಯಲ್ಲಿ ಅವಳು ವೇಷ ಕಳಚದೆ ಕ್ಯಾಮೆರಾದ ಪಕ್ಕದಲ್ಲಿ ನಿಂತಿರುತ್ತಿದ್ದಳು. ಕೈಯಲ್ಲಿ ಪೆಟ್ಟಿಗೆಯಿದ್ದರೆ ಅದು ಖಾಲಿಯಿರುತ್ತಿರಲಿಲ್ಲ.

ನೀತಿ: ನಾವು ಲೋಕಕ್ಕೆ ಕಾಣದ ಹೊತ್ತಿನಲ್ಲೂ ನಮ್ಮನ್ನು ನೋಡುತ್ತಿರುವ ಒಬ್ಬರಿಗಾಗಿ ಪೂರ್ತಿ ಮನಸ್ಸಿಟ್ಟು ಕೆಲಸ ಮಾಡಬೇಕು. ದೊಡ್ಡತನ ಇರುವುದು ಅಲ್ಲಿ.