ಹಳದಿ ಗಂಟು, ಕೆಂಪು ಗಂಟು

ವಿಜಯದಶಮಿಯ ಮರುದಿನ ಬೆಳಗ್ಗೆ ಅರಮನೆಯ ಮುಂದೆ ಡಂಗುರ ಸಾರಿದರು: "ಸುಂಕದ ಚೆನ್ನರಸರು ಲಂಚದ ಆರೋಪದಿಂದ ಬಿಡುಗಡೆಯಾದ ತೀರ್ಪಿನ ಮೇಲ್ಮನವಿಯನ್ನು ರಾಣಿಯವರು ಕೇಳುತ್ತಾರೆ. ವಾದಿಸುವವರು ಮೂರು ಒಗಟು ಬಿಡಿಸಬೇಕು. ಗೆದ್ದವರಿಗೆ ಉಂಬಳಿ, ತಪ್ಪಿದವರಿಗೆ ನಾಳೆ ಗಲ್ಲು."

ಬಟ್ಟೆಗೆ ಬಣ್ಣ ಹಾಕುವ ಸಿರಿಯವ್ವ, ಹೊಳೆದಂಡೆಯಲ್ಲಿ ಒಲೆ ಹೂಡುವ ಅಪ್ಪಣೆಗಾಗಿ ಕಿವಿಯ ಓಲೆ ಬಿಚ್ಚಿ, ಬಟ್ಟೆಯಲ್ಲಿ ಗಂಟು ಕಟ್ಟಿ ಚೆನ್ನರಸನಿಗೆ ಕೊಟ್ಟಿದ್ದಳು. ಗಂಟು ಹಳದಿ ಎಂದು ಅವಳ ಸಾಕ್ಷಿ. ಅವನ ಕೈಯಲ್ಲಿ ಕಂಡದ್ದು ಕೆಂಪು ಎಂದು ಕಾವಲಿನ ಬೊಮ್ಮಣ್ಣನ ಸಾಕ್ಷಿ. ಗಂಟು ಜಗಲಿಯಲ್ಲಿ ಬಿದ್ದಿತ್ತು, ತಾನು ಮುಟ್ಟಿಲ್ಲ ಎಂದ ಚೆನ್ನರಸ. ನ್ಯಾಯಾಧಿಕಾರಿ ಅವನನ್ನು ಬಿಟ್ಟು, ಸುಳ್ಳುಸಾಕ್ಷಿಗೆಂದು ಉಳಿದಿಬ್ಬರನ್ನು ಸೆರೆಗೆ ಹಾಕಿದ್ದ.

ರಾಣಿ ಕೇಳಿದಳು: "ಇಬ್ಬರ ಮಾತು ಅಕ್ಷರ ತಪ್ಪದೆ ಒಂದೇ ಆಗುವುದು ಯಾವಾಗ? ಒಂದೇ ಗಂಟು ಒಬ್ಬರಿಗೆ ಹಳದಿ, ಇನ್ನೊಬ್ಬರಿಗೆ ಕೆಂಪು, ಯಾರದೂ ಸುಳ್ಳಲ್ಲ, ಹೇಗೆ? ನಾಲಿಗೆಯಿಲ್ಲದ ಮೂರನೆಯ ಸಾಕ್ಷಿ ಯಾರು?"

"ಇಬ್ಬರೂ ನಿಜ ಹೇಳಿದಾಗ, ತಾಯಿ," ಎಂದರು ಒಬ್ಬ ಶಾಸ್ತ್ರಿಗಳು.

"ಕೂಲಿಸಾಕ್ಷಿಗಳೂ ಒಂದೇ ಮಾತು ಹೇಳುತ್ತಾರೆ, ಶಾಸ್ತ್ರಿಗಳೇ." ಅವರನ್ನು ಸೆರೆಗೆ ಒಯ್ದರು.

"ಎರಡನೆಯದು ಸುಲಭ," ಎಂದರು ಒಬ್ಬ ಶೆಟ್ಟರು. "ಗಂಟುಗಳೇ ಎರಡು."

"ಓಲೆ ಒಂದೇ ಜೊತೆ, ಶೆಟ್ಟರೇ." ಅವರನ್ನೂ ಒಯ್ದರು.

ಆಮೇಲೆ ಸಿರಿಯವ್ವನ ಮಗ ದ್ಯಾಮ ಮುಂದೆ ಬಂದ. ಚೆನ್ನರಸ ವೀಳ್ಯದೆಲೆಗೆ ಸುಣ್ಣ ಸವರುತ್ತ ನಕ್ಕ. "ನಿನಗೂ ಉಂಬಳಿಯ ಆಸೆಯೇನೋ?"

"ಅವ್ವ ಒಳಗಿದ್ದಾಳೆ, ಬುದ್ಧಿ."

ದ್ಯಾಮ ರಾಣಿಯ ಕಡೆ ತಿರುಗಿದ. "ಮೂರನೆಯವನು ಹೇಳಿಕೊಟ್ಟಾಗ ಇಬ್ಬರ ಮಾತು ಒಂದೇ ಆಗುತ್ತದೆ. ಇವರಿಗೆ ಯಾರೂ ಹೇಳಿಕೊಟ್ಟಿರಲಿಲ್ಲ."

ಮುದ್ರೆ ಹಾಕಿಟ್ಟಿದ್ದ ಗಂಟನ್ನು ತರಿಸಿ, ಅದರ ಕೆಂಪಿನ ಮೇಲೆ ಹುಣಸೆನೀರು ಹನಿಸಿದ. ಹಳದಿಯಾಯಿತು. ಅರಿಶಿನದಲ್ಲಿ ಅದ್ದಿದ ಒದ್ದೆ ಬಟ್ಟೆಯೊಂದನ್ನು ಚಾಚಿದ. "ಇದನ್ನು ಹಿಡಿಯಿರಿ, ಬುದ್ಧಿ."

ಚೆನ್ನರಸ ಕೈ ಹಿಂದೆಳೆದ.

"ಹಿಡಿಯಿರಿ," ಎಂದಳು ರಾಣಿ.

ಬೆರಳು ತಾಗಿದಲ್ಲೆಲ್ಲ ಬಟ್ಟೆ ಕೆಂಪಾಯಿತು.

"ಅರಿಶಿನಕ್ಕೆ ಸುಣ್ಣ ಸೋಕಿದರೆ ಹೀಗೆ. ಅವ್ವ ಕೊಟ್ಟಾಗ ಹಳದಿ, ಇವರು ಹಿಡಿದ ಮೇಲೆ ಕೆಂಪು. ಅವ್ವನಾಗಲಿ ಬೊಮ್ಮಣ್ಣನಾಗಲಿ ಎಲೆಯಡಿಕೆ ಹಾಕುವುದಿಲ್ಲ. ಮುಟ್ಟಿಲ್ಲ ಎಂದವರ ಬೆರಳೇ ಮೂರನೆಯ ಸಾಕ್ಷಿ."

ರಾಣಿ ತೀರ್ಪು ತಿರುಗಿಸಿದಳು. ಹೊಳೆದಂಡೆಯ ಜಾಗವನ್ನು ಉಂಬಳಿ ಕೊಟ್ಟು, "ಇನ್ನೇನು ಬೇಕು?" ಎಂದಳು.

"ಶಾಸ್ತ್ರಿಗಳನ್ನೂ ಶೆಟ್ಟರನ್ನೂ ಬಿಡಿ, ತಾಯಿ. ಅವರು ಮೊದಲು ಎಡವಿದ್ದರಿಂದ ನನಗೆ ದಾರಿ ಕಂಡಿತು."

ಸೆರೆಮನೆಯ ಬಾಗಿಲಲ್ಲಿ ದ್ಯಾಮ ಬೊಮ್ಮಣ್ಣನಿಗೆ ಕೈಮುಗಿದ. "ಅವ್ವನ ಮಾತಿಗೆ ನಿನ್ನ ಮಾತು ಹೊಂದಿಸಲಿಲ್ಲವಲ್ಲಣ್ಣ. ಅದೇ ನಮ್ಮನ್ನು ಉಳಿಸಿತು."

"ಕಂಡದ್ದು ಕೆಂಪು. ಕೆಂಪು ಅಂದೆ," ಎಂದ ಬೊಮ್ಮಣ್ಣ.

ಸಿರಿಯವ್ವ ಓಲೆ ಹಾಕಿಕೊಂಡಳು. ಆ ಸಂಜೆ ಸೆರೆಯಿಂದ ಹೊರಬಂದವರು ನಾಲ್ವರು, ಒಳಹೋದವನು ಒಬ್ಬ.